ಘಟ್ಟದ ಹಳ್ಳಗಳ ಸಣ್ಣ ಮೀನು: ಸಕಲೇಶಪುರ–ಆಲೂರು ಮಲೆಸೀಮೆಯ ಒಂದು ಚರಿತ್ರೆ

ಹಾಸನ ಜಿಲ್ಲೆಯ ಪಶ್ಚಿಮದ ಅಂಚಿನಲ್ಲಿರುವ ಸಕಲೇಶಪುರ ಮತ್ತು ಆಲೂರು ತಾಲ್ಲೂಕುಗಳ ಮಲೆಸೀಮೆ ಎರಡು ದೊಡ್ಡ ಜಲಾನಯನಗಳಿಗೆ, ಎಂದರೆ ಒಂದೊಂದು ನದಿಗೆ ನೀರು ಬಸಿದು ಬರುವ ಇಡೀ ಭೂಪ್ರದೇಶಗಳಿಗೆ, ಗಡಿಯಾಗಿ ನಿಂತಿದೆ. ಬಿಸಿಲೆಯ ದಾರಿಯಲ್ಲಿ ಒಂದೇ ದಿಣ್ಣೆಯ ಮೇಲೆ ಬಿದ್ದ ಮಳೆಯ ಒಂದು ಪಾಲು ಮೂಡಣಕ್ಕೆ ಇಳಿದು ಹೇಮಾವತಿಯನ್ನು ಸೇರಿ, ಕಾವೇರಿಯ ಮೂಲಕ ಬಂಗಾಳ ಕೊಲ್ಲಿಯತ್ತ ಸಾಗುತ್ತದೆ. ಇನ್ನೊಂದು ಪಾಲು ಪಡುವಣದ ಕಡಿದಾದ ಕಣಿವೆಗಳಲ್ಲಿ ಧುಮುಕಿ ಅರಬ್ಬೀ ಸಮುದ್ರವನ್ನು ಮುಟ್ಟುತ್ತದೆ. ಮೂಡಿಗೆರೆ ತಾಲ್ಲೂಕಿನ ಬಲ್ಲಾಳರಾಯನದುರ್ಗದ ಬಳಿ ಹುಟ್ಟುವ ಹೇಮಾವತಿಯು ಸಕಲೇಶಪುರ ಪಟ್ಟಣವನ್ನು ಬಳಸಿಕೊಂಡು ಆಲೂರು ಸೀಮೆಗೆ ಇಳಿದು, ಗೊರೂರಿನ ಹತ್ತಿರ ಯಗಚಿಯನ್ನು ಕೂಡಿಕೊಳ್ಳುತ್ತದೆ. ಪಡುವಣ ಮಗ್ಗುಲಿನ ಎತ್ತಿನಹೊಳೆ, ಕಾಡುಮನೆಹೊಳೆ, ಕೇರಿಹೊಳೆ, ಹೊಂಗಡಹಳ್ಳ ಮತ್ತು ಕೆಂಪುಹೊಳೆಗಳು ಒಂದನ್ನೊಂದು ಕೂಡಿ ಗುಂಡ್ಯ ಹೊಳೆಯಾಗಿ ಕುಮಾರಧಾರೆಗೆ ಸೇರುತ್ತವೆ, ಕುಮಾರಧಾರೆಯು ಉಪ್ಪಿನಂಗಡಿಯಲ್ಲಿ ನೇತ್ರಾವತಿಯೊಡನೆ ಸಂಗಮಿಸುತ್ತದೆ.

ನೀರು ಹೀಗೆ ಇಬ್ಭಾಗವಾದಂತೆ ಮೀನೂ ಇಬ್ಭಾಗವಾಗಿದೆ. ಪಡುವಣದ ತೊರೆಗಳಿಗೆ ಸೇರಿದ, ಹೆಚ್ಚೆಂದರೆ ಒಂದು ಗೇಣು ಉದ್ದ ಬೆಳೆಯುವ ಕೆನರಾ ಬ್ಯಾರಿಲ್ ಎಂಬ ಮೀನು ತೆಳ್ಳನೆಯ ಬೆಳ್ಳಿಮೈಯದು, ಅದರ ಪಕ್ಕೆಯುದ್ದಕ್ಕೂ ನೀಲಿ ಚುಕ್ಕೆಗಳ ಎರಡು ಸಾಲುಗಳಿರುತ್ತವೆ. ವಿಜ್ಞಾನದಲ್ಲಿ ಅದು ಬಹುಕಾಲದಿಂದ ಬ್ಯಾರಿಲಿಯಸ್ ಕೆನರೆನ್ಸಿಸ್ ಎಂಬ ಹೆಸರಿನಿಂದ ಪರಿಚಿತ. ಕಾವೇರಿ ಜಲಾನಯನಕ್ಕೆ ಮಾತ್ರ ಸೀಮಿತವಾದ ಅರುಲಿಯಸ್ ಬಾರ್ಬ್ ಮೈಮೇಲೆ ಕಪ್ಪು ಪಟ್ಟೆಗಳನ್ನು ಹೊತ್ತಿದ್ದು, ಬಲಿತ ಗಂಡಿನಲ್ಲಿ ಬೆನ್ನಿನ ಈಜುರೆಕ್ಕೆಯ ಕಡ್ಡಿಗಳು ಎಳೆಗಳಂತೆ ಹಿಂದಕ್ಕೆ ಚಾಚಿಕೊಂಡಿರುತ್ತವೆ. ಅಂತಾರಾಷ್ಟ್ರೀಯ ಪ್ರಕೃತಿ ಸಂರಕ್ಷಣಾ ಒಕ್ಕೂಟವು (ಐಯುಸಿಎನ್) ಪ್ರಕಟಿಸುವ ಕೆಂಪು ಪಟ್ಟಿಯಲ್ಲಿ, ಎಂದರೆ ಅಳಿವಿನ ಭಯಕ್ಕೆ ಅನುಗುಣವಾಗಿ ಜೀವಿಗಳನ್ನು ವರ್ಗೀಕರಿಸುವ ಪಟ್ಟಿಯಲ್ಲಿ, ಇವೆರಡೂ ಅಪಾಯದಂಚಿನ ಪ್ರಭೇದಗಳೆಂದು ಗುರುತಾಗಿವೆ. ಇವುಗಳ ಹಿಂದಿನ ಕಥೆಯನ್ನು ದಾಖಲೆಗಳಲ್ಲಿ ಹುಡುಕಹೊರಟವರಿಗೆ ಸಿಗುವುದು ಬಹುಮಟ್ಟಿಗೆ ದೊಡ್ಡ ಮೀನಿನ ಕಥೆಯೇ: ದೇವಸ್ಥಾನ ಕಾಪಾಡಿದ್ದು ದೊಡ್ಡ ಮೀನನ್ನು, ಗಾಳದ ಬೇಟೆಗಾರ ಬರೆದಿಟ್ಟದ್ದು ದೊಡ್ಡ ಮೀನನ್ನು, ಕಾನೂನು ಕಣ್ಣಿಟ್ಟದ್ದೂ ದೊಡ್ಡ ಮೀನಿನ ಮೇಲೆಯೇ. ಸಣ್ಣ ಮೀನು ಯಾರ ರಕ್ಷಣೆಯೂ ಇಲ್ಲದೆ, ಹಳ್ಳ ಹಳ್ಳವಾಗಿಯೇ ಉಳಿದಿದ್ದ ಕಾರಣಕ್ಕೆ ಮಾತ್ರ ಬದುಕಿಕೊಂಡು ಬಂದಿತು. ಆದುದರಿಂದ ಅದರ ಚರಿತ್ರೆಯನ್ನು ಆ ಹಳ್ಳಗಳ ದಡದಲ್ಲಿ ನಡೆದ ಬೇಸಾಯ, ಕಾಡು, ರಸ್ತೆ ಮತ್ತು ಅಣೆಕಟ್ಟುಗಳ ಚರಿತ್ರೆಯೊಳಗಿನಿಂದಲೇ ಬಿಡಿಸಿಕೊಳ್ಳಬೇಕಾಗುತ್ತದೆ.

ಹಳ್ಳ ಎಂದರೆ ಚಿಕ್ಕ ನದಿ ಎಂದು ತಿಳಿಯುವುದು ಸರಿಯಲ್ಲ. ಬಯಲಿನ ನದಿಯಲ್ಲಿ ನೀರು ಆಳವಾಗಿ, ನಿಧಾನವಾಗಿ, ಕೆಸರನ್ನು ಹೊತ್ತು ಹರಿಯುತ್ತದೆ; ಘಟ್ಟದ ಹಳ್ಳದಲ್ಲಿ ಅದು ಬಂಡೆಯಿಂದ ಬಂಡೆಗೆ ಬಿದ್ದು ಗಾಳಿಯನ್ನು ತನ್ನೊಳಗೆ ಬೆರೆಸಿಕೊಳ್ಳುವುದರಿಂದ ಆಮ್ಲಜನಕ ಸಮೃದ್ಧವಾಗಿರುತ್ತದೆ, ಮೇಲೆ ಮರಗಳ ನೆರಳಿರುವುದರಿಂದ ಬೇಸಗೆಯಲ್ಲೂ ತಂಪಾಗಿರುತ್ತದೆ, ತಳದಲ್ಲಿ ಕೆಸರಿನ ಬದಲು ಉರುಟುಗಲ್ಲು ಮತ್ತು ಜಲ್ಲಿ ಹಾಸಿರುತ್ತದೆ. ಇಲ್ಲಿನ ಮೀನುಗಳ ಮೈಕಟ್ಟೂ ಈ ಸೆಳವಿಗೆ ತಕ್ಕಂತೆ ರೂಪುಗೊಂಡಿದೆ. ಬಂಡೆಯ ಮೇಲಿನ ಪಾಚಿಯನ್ನು ಕೆರೆದು ತಿನ್ನುವ ಗರ್ರಾ ಜಾತಿಯ ಕಲ್ಲುಮೀನುಗಳ ಬಾಯಿಯ ಹಿಂದೆ ಕಲ್ಲಿಗೆ ಅಂಟಿಕೊಳ್ಳಲು ಒಂದು ಬಿಲ್ಲೆಯಿದೆ. ಭವಾನಿಯಾ ಎಂಬ ಪುಟ್ಟ ಮೀನಿನ ಎದೆ ಮತ್ತು ಹೊಟ್ಟೆಯ ಈಜುರೆಕ್ಕೆಗಳು ಅಗಲವಾಗಿ ಚಪ್ಪಟೆಯಾಗಿ ಕಲ್ಲನ್ನು ಕಚ್ಚಿ ಹಿಡಿಯುತ್ತವೆ. ಬ್ಯಾರಿಲ್ ಮಾತ್ರ ಕಲ್ಲಿಗೆ ಅಂಟದೆ, ಸೆಳವಿನ ನಡುವೆಯೇ ಈಜುತ್ತ, ಮರಗಳಿಂದ ನೀರಿಗೆ ಉದುರುವ ಹುಳುಹುಪ್ಪಟೆಗಳನ್ನು ಹಿಡಿದು ತಿನ್ನುತ್ತದೆ. ದಡದ ಮರ ಹೋದರೆ ಅದರ ನೆರಳಿನೊಡನೆ ಊಟವೂ ಹೋಗುತ್ತದೆ. ಇಂಥ ಮೀನುಗಳು ಮೊಟ್ಟೆಯಿಡುವುದಕ್ಕೂ ಹರಿಯುವ ನೀರಿನಲ್ಲಿ ಹೂಳಿಲ್ಲದ ಚೊಕ್ಕಟವಾದ ಜಲ್ಲಿಯೇ ಬೇಕು.

ಹದಿನೆಂಟನೆಯ ಶತಮಾನದಲ್ಲಿ ಈ ಸೀಮೆಗೆ ಬಲಂ ಎಂಬ ಹೆಸರಿದ್ದು, ಐಗೂರನ್ನು ನೆಲೆಯಾಗಿಸಿಕೊಂಡ ಪಾಳೆಯಗಾರರು ಇದನ್ನು ಆಳುತ್ತಿದ್ದರು. ಕರಾವಳಿಗೆ ಇಳಿಯುವ ಘಟ್ಟದ ದಾರಿಯನ್ನು ಕಾಯಲು ಟಿಪ್ಪು ಸುಲ್ತಾನನು 1792ರಲ್ಲಿ ಸಕಲೇಶಪುರದ ಬಳಿಯ ಗುಡ್ಡದ ಮೇಲೆ ನಕ್ಷತ್ರಾಕಾರದ ಮಂಜರಾಬಾದ್ ಕೋಟೆಯನ್ನು ಕಟ್ಟಿಸಿದನು. ಅವನ ಪತನದ ಮೂರು ವರ್ಷಗಳ ನಂತರ, 1802ರಲ್ಲಿ, ಬಂಡೆದ್ದ ಐಗೂರಿನ ಪಾಳೆಯಗಾರನನ್ನು ಈಸ್ಟ್ ಇಂಡಿಯಾ ಕಂಪನಿಯ ಸೈನ್ಯವು ಗಲ್ಲಿಗೇರಿಸಿತು. ಆ ಕಾಲದ ಕಾಗದಪತ್ರಗಳು ಕಂದಾಯ, ದಾರಿ ಮತ್ತು ದಂಗೆಗಳ ಸುತ್ತಲೇ ಸುತ್ತುತ್ತವೆ. ಮೀನು ಹಿಡಿಯುವ ಪದ್ಧತಿಗಳು ಬರವಣಿಗೆಯಲ್ಲಿ ಉಳಿಯದೆ ಬಳಕೆಯಲ್ಲಿ ಉಳಿದವು, ಮತ್ತು ಅವುಗಳಲ್ಲಿ ಹಲವು ಇಪ್ಪತ್ತನೆಯ ಶತಮಾನದ ಕೊನೆಯವರೆಗೂ ಮಲೆನಾಡಿನ ಹಳ್ಳಿಗಳಲ್ಲಿ ನಡೆದು ಬಂದವು.

ಈ ಪದ್ಧತಿಗಳ ಕೇಂದ್ರವೇ ಮುಂಗಾರಿನ ಮೊದಲ ಮಳೆ. ಹಳ್ಳಗಳು ತುಂಬಿ ಹರಿಯತೊಡಗಿದ ಕೂಡಲೇ ಮೀನುಗಳು ಮೊಟ್ಟೆಯಿಡಲು ಸೆಳವಿಗೆದುರಾಗಿ ಮೇಲಕ್ಕೆ ಹತ್ತುತ್ತವೆ, ಕಣಿವೆಯ ಗದ್ದೆಗಳಿಂದ ಇಳಿಯುವ ಸಣ್ಣ ನೀರುಗಾಲುವೆಗಳನ್ನೂ ಏರಿ ಬದುಗಳ ಸಂದಿನಿಂದ ಗದ್ದೆಗೆ ನುಗ್ಗುತ್ತವೆ. ಹೀಗೆ ಮೇಲೇರುವ ಮೀನಿಗೆ ಮಲೆನಾಡಿನವರು ಹತ್ತುಮೀನು ಎನ್ನುತ್ತಾರೆ. ಬಿದಿರಿನ ಕಡ್ಡಿಗಳಿಂದ ಹೆಣೆದ, ಒಳಹೊಕ್ಕ ಮೀನು ಹೊರಗೆ ಬಾರದಂತೆ ಬಾಯಿಯನ್ನು ಒಳಮುಖವಾಗಿ ಕಿರಿದಾಗಿಸಿದ ಕೂಳಿ ಎಂಬ ಬುಟ್ಟಿಯನ್ನು ನೀರಿನ ದಾರಿಗೆ ಅಡ್ಡಲಾಗಿ ಇಟ್ಟು ರಾತ್ರಿ ಕಳೆದು ಎತ್ತುವುದು, ಬೆಳಕು ಹಿಡಿದು ತೆಳುನೀರಿನಲ್ಲಿ ಕತ್ತಿಯಿಂದ ಮೀನು ಕಡಿಯುವುದು, ಮಳೆ ಹಿಂಜರಿದ ಮೇಲೆ ಮಡುಗಳಲ್ಲಿ ಬಲೆ ಬೀಸುವುದು, ಇವೇ ಸಾಮಾನ್ಯ ಪದ್ಧತಿಗಳು. ಹೊರಗಿನ ದುಡಿಮೆಗೂ ಸಂತೆಯ ಪ್ರಯಾಣಕ್ಕೂ ಮಳೆ ಅಡ್ಡಿಯಾಗುವ ತಿಂಗಳುಗಳಲ್ಲಿ ಹತ್ತುಮೀನು ಮತ್ತು ಏಡಿ ಬಡವರ ಮನೆಯ ಮುಖ್ಯ ಸಾರಾಗಿದ್ದವು, ಹೆಚ್ಚಾದ ಮೀನನ್ನು ಒಲೆಯ ಮೇಲಿನ ಹೊಗೆಯಲ್ಲಿ ಒಣಗಿಸಿಡುತ್ತಿದ್ದರು. ಮೊಟ್ಟೆ ಹೊತ್ತ ಮೀನನ್ನೇ ಹಿಡಿಯುವ ಈ ಪದ್ಧತಿ ಮೀನಿಗೆ ಹಾನಿ ಮಾಡಲಿಲ್ಲ ಎಂದು ಹೇಳಲಾಗದು. ಆದರೆ ಅದು ನಡೆಯುತ್ತಿದ್ದುದು ಜನವಸತಿ ವಿರಳವಾಗಿದ್ದ ನಾಡಿನಲ್ಲಿ, ಕಾಲ್ನಡಿಗೆಗೆ ಸಿಗುವ ಹಳ್ಳಗಳಲ್ಲಿ, ಮನೆಯ ಊಟದ ಮಟ್ಟಿಗೆ; ಕಾಡಿನ ಒಳಗಿನ ನೂರಾರು ತೊರೆಗಳು ಯಾರ ಕೂಳಿಯನ್ನೂ ಕಾಣದೆ ಉಳಿಯುತ್ತಿದ್ದವು, ಒಂದು ಹಳ್ಳದಲ್ಲಿ ಮೀನು ಕಡಿಮೆಯಾದರೆ ಮುಂದಿನ ಪ್ರವಾಹದಲ್ಲಿ ನೆರೆಯ ತೊರೆಯಿಂದ ತುಂಬಿಕೊಳ್ಳುವ ದಾರಿ ತೆರೆದಿರುತ್ತಿತ್ತು.

ವಿಷದ ಪದ್ಧತಿ ಬೇರೆ ಬಗೆಯದು. ಬೇಸಗೆಯಲ್ಲಿ ಹರಿವು ನಿಂತ ಮಡುಗಳಿಗೆ ಕಾರೆಕಾಯಿ ಅಥವಾ ಕಾಕಮಾರಿಯ ಬೀಜವನ್ನು ಜಜ್ಜಿ ಹಾಕಿ, ಮತ್ತೇರಿ ತೇಲುವ ಮೀನನ್ನು ಆಯ್ದುಕೊಳ್ಳುವುದು ದಕ್ಷಿಣ ಭಾರತದ ಬೆಟ್ಟಸೀಮೆಗಳಲ್ಲೆಲ್ಲ ಇದ್ದ ಹಳೆಯ ರೂಢಿ. ಕಾಯಿಯ ವಿಷವು ಬೇಗ ತೆಳುವಾಗುತ್ತದೆಯಾದರೂ ದೊಡ್ಡದು ಚಿಕ್ಕದು ಎಂಬ ಭೇದವಿಲ್ಲದೆ ಮಡುವಿನ ಜೀವಗಳನ್ನೆಲ್ಲ ತಟ್ಟುತ್ತದೆ. ಮುಂದೆ ರಸ್ತೆ ಮತ್ತು ಗಣಿಗಾರಿಕೆಯ ಕೆಲಸದೊಂದಿಗೆ ಸ್ಫೋಟಕಗಳೂ, ತೋಟಗಳೊಂದಿಗೆ ಮೈಲುತುತ್ತ ಮತ್ತು ಕೀಟನಾಶಕಗಳೂ ಸುಲಭವಾಗಿ ಕೈಗೆ ಸಿಗುವಂತಾದಾಗ ಇದೇ ರೂಢಿಯು ಹಿಂದೆಂದೂ ಇಲ್ಲದ ಕ್ರೌರ್ಯವನ್ನು ಪಡೆಯಿತು.

ಇದಕ್ಕೆದುರಾಗಿ ನಿಂತ ಹಳೆಯ ಸಂಸ್ಥೆಯೆಂದರೆ ದೇವರ ಮೀನಿನ ಮಡು. ದೇವಸ್ಥಾನದ ಎದುರಿನ ನದಿಭಾಗದಲ್ಲಿ ಮೀನು ಹಿಡಿಯಬಾರದೆಂಬ ಕಟ್ಟಳೆ ತುಂಗೆಯ ದಡದ ಶೃಂಗೇರಿಯಲ್ಲಿಯೂ, ಹಾಸನ ಜಿಲ್ಲೆಯದೇ ಅರಕಲಗೂಡು ತಾಲ್ಲೂಕಿನ ರಾಮನಾಥಪುರದ ಕಾವೇರಿಯಲ್ಲಿಯೂ, ಘಟ್ಟದ ಬುಡದ ಶಿಶಿಲದಲ್ಲಿಯೂ ಇಂದಿಗೂ ನಡೆದು ಬಂದಿದೆ. ಬೆಳ್ತಂಗಡಿ ತಾಲ್ಲೂಕಿನ ಶಿಶಿಲೇಶ್ವರ ದೇವಸ್ಥಾನದ ಎದುರು ಹರಿಯುವ ಕಪಿಲೆಯಲ್ಲಿ ಭಕ್ತರು ಅಕ್ಕಿ ಚೆಲ್ಲಿ ಸಾಕಿದ ಮೀನುಗಳಿಗೆ 1996ರಲ್ಲಿ ದುಷ್ಕರ್ಮಿಗಳು ವಿಷವಿಕ್ಕಿದಾಗ ಸಾವಿರಾರು ಮೀನುಗಳು ಸತ್ತವು, ಅವುಗಳ ನೆನಪಿಗೆ ಅಲ್ಲಿ ಸ್ಮಾರಕವನ್ನು ನಿಲ್ಲಿಸಲಾಯಿತು. ಮೀನಿಗೆ ಸ್ಮಾರಕ ಕಟ್ಟಿದ ಸಮಾಜದ ಸಂವೇದನೆ ಸಣ್ಣದಲ್ಲ, ಅದನ್ನು ಗೌರವದಿಂದಲೇ ನೆನೆಯಬೇಕು. ಆದರೆ ಇಂಥ ಮಡುಗಳೆಲ್ಲ ಸೆಳವು ತಗ್ಗಿದ, ಆಳವಾದ ನದಿಭಾಗಗಳಲ್ಲಿವೆ, ಅವುಗಳಲ್ಲಿ ಕಣ್ಣಿಗೆ ಕಾಣುವಂತೆ ಮೇಳೈಸುವುದು ಮಹಸೀರ್ ಮೊದಲಾದ ದೊಡ್ಡ ಮೀನುಗಳು. ಹೆಸರಿಲ್ಲದ ಮೇಲಣ ತೊರೆಯ ಚುಕ್ಕೆಮೀನಿಗೆ ಈ ಅಭಯ ಒದಗಿದ್ದರೆ ಅದು ದೊಡ್ಡ ಮೀನಿನ ನೆರೆಯಲ್ಲಿದ್ದ ಅದೃಷ್ಟದಿಂದ ಮಾತ್ರ.

ವಿಜ್ಞಾನದ ಪುಸ್ತಕಕ್ಕೆ ಈ ಸಣ್ಣ ಮೀನುಗಳು ಬಂದದ್ದು 1849ರಲ್ಲಿ. ಮದರಾಸು ಸೈನ್ಯದ ವೈದ್ಯನೂ, ಮುಂದೆ ಭಾರತದ ಹಕ್ಕಿಗಳ ಕುರಿತ ಗ್ರಂಥದಿಂದ ಹೆಸರಾದವನೂ ಆದ ಥಾಮಸ್ ಕೇವರ್‌ಹಿಲ್ ಜೆರ್ಡನ್ ದಕ್ಷಿಣ ಭಾರತದ ಸಿಹಿನೀರಿನ ಮೀನುಗಳ ಕುರಿತು ಮದರಾಸಿನ ಒಂದು ವಿದ್ವತ್ಪತ್ರಿಕೆಯಲ್ಲಿ ಪ್ರಕಟಿಸಿದ ಲೇಖನದಲ್ಲಿ ಕೆನರಾ ಬ್ಯಾರಿಲ್ ಮತ್ತು ಅರುಲಿಯಸ್ ಬಾರ್ಬ್ ಎರಡನ್ನೂ ಮೊದಲ ಬಾರಿಗೆ ವರ್ಣಿಸಿದನು. ಹೀಗೆ ದಿಣ್ಣೆಯ ಆಚೆಗೊಂದು ಈಚೆಗೊಂದು ಇರುವ ಎರಡು ಮೀನುಗಳಿಗೆ ಒಂದೇ ಬರಹದಲ್ಲಿ ಹೆಸರು ದೊರೆಯಿತು. ಬ್ಯಾರಿಲಿಯಸ್ ಎಂಬ ಕುಲಕ್ಕೆ ಮೂಲವಾದ ಮೀನನ್ನು 1822ರ ಗಂಗಾನದಿಯ ಮೀನುಗಳ ಗ್ರಂಥದಲ್ಲಿ ವರ್ಣಿಸಿದ ಫ್ರಾನ್ಸಿಸ್ ಹ್ಯಾಮಿಲ್ಟನ್ ಬೇರೆ ಯಾರೂ ಅಲ್ಲ, ಶ್ರೀರಂಗಪಟ್ಟಣದ ಪತನದ ಬಳಿಕ 1800 ಮತ್ತು 1801ರಲ್ಲಿ ಮೈಸೂರು, ಕೆನರಾ ಮತ್ತು ಮಲಬಾರುಗಳಲ್ಲಿ ಸಂಚರಿಸಿ ಬೆಳೆ, ಕಂದಾಯ, ಕಸುಬುಗಳ ವಿವರ ಬರೆದ ಫ್ರಾನ್ಸಿಸ್ ಬುಕಾನನ್‌ನೇ. ಆತ ಮುಂದೆ ತಾಯಿಯ ಮನೆತನದ ಹೆಸರನ್ನು ಇಟ್ಟುಕೊಂಡಿದ್ದನು. ಕೆನರಾ ಬ್ಯಾರಿಲಿಗೆ ಜೆರ್ಡನ್ ಕೊಟ್ಟ ಹೆಸರಿಗೆ ಮನ್ನಣೆ ಸುಲಭವಾಗಿ ಸಿಗಲಿಲ್ಲ. 1865ರಲ್ಲಿ ಮತ್ಸ್ಯಶಾಸ್ತ್ರಜ್ಞ ಫ್ರಾನ್ಸಿಸ್ ಡೇ ವರ್ಣಿಸಿದ ಮಲಬಾರ್ ಬ್ಯಾರಿಲ್ ಎಂಬ ಹತ್ತಿರದ ಸಂಬಂಧಿಯೊಡನೆ ಇದನ್ನು ಗೊಂದಲಿಸಿಕೊಳ್ಳುವ ರೂಢಿ ಬಹುಕಾಲ ನಡೆಯಿತು. ಎರಡು ಮೀನುಗಳನ್ನು ಒಂದೆಂದು ಎಣಿಸಿದಾಗ ಹರವು ದೊಡ್ಡದಾಗಿ ಕಾಣುತ್ತದೆ, ಹರವು ದೊಡ್ಡದಾದ ಜೀವಿಗೆ ಅಪಾಯವಿದೆಯೆಂದು ಯಾರಿಗೂ ತೋರುವುದಿಲ್ಲ. ಸಣ್ಣ ಮೀನಿಗೆ ಹೆಸರಿನ ಗೊಂದಲವೂ ಹೀಗೆ ಕೇಡಾಗುತ್ತದೆ. ಅರುಲಿಯಸ್ ಬಾರ್ಬಿಗೂ ಇದೇ ಆಯಿತು. ತಾಮ್ರಪರ್ಣಿ ನದಿಯ ಸಂಬಂಧಿ ಮೀನೂ ಇನ್ನಿತರವೂ ಬೇರೆಯೆಂದು ಸ್ಪಷ್ಟವಾಗಿ, ಅದು ಕಾವೇರಿಯದು ಮಾತ್ರ ಎಂದು ಖಚಿತವಾದದ್ದು ಈ ಶತಮಾನದಲ್ಲಿ.

ಘಟ್ಟದ ಕೆಳಗೆ, ದಕ್ಷಿಣ ಕನ್ನಡದ ಕಲೆಕ್ಟರ್ ಆಗಿದ್ದ ಹೆನ್ರಿ ಸಲಿವನ್ ಥಾಮಸ್ 1870ರಲ್ಲಿ ಜಿಲ್ಲೆಯ ಮೀನುಸಾಕಣೆಯ ಕುರಿತು ವರದಿ ಬರೆದು, ವಿಷ ಹಾಕುವ ಮತ್ತು ಕಿರುಗಣ್ಣಿನ ಬಲೆಗಳಿಂದ ಮರಿಗಳನ್ನು ಬಾಚುವ ರೂಢಿಗಳ ವಿರುದ್ಧ ವಾದಿಸಿದನು; ಮಹಸೀರ್ ಮೊದಲಾದ ಮೀನುಗಳ ಗಾಳದ ಬೇಟೆಯ ಕುರಿತ ಅವನ ಪುಸ್ತಕ 1873ರಲ್ಲಿ ಮಂಗಳೂರಿನಲ್ಲಿ ಅಚ್ಚಾಯಿತು. ಅದೇ ವರ್ಷ ಡೇ ಸಲ್ಲಿಸಿದ ಭಾರತ ಮತ್ತು ಬರ್ಮಾದ ಮೀನುಗಾರಿಕೆಯ ವರದಿಯೂ ಇದೇ ಆತಂಕವನ್ನು ತೋಡಿಕೊಂಡಿತು. ಈ ವಾದಗಳ ಫಲವಾಗಿ ನೀರಿನಲ್ಲಿ ಸ್ಫೋಟಕ ಮತ್ತು ವಿಷವನ್ನು ನಿಷೇಧಿಸಿದ ಭಾರತೀಯ ಮೀನುಗಾರಿಕೆ ಕಾಯಿದೆ 1897ರಲ್ಲಿ ಬಂದಿತು, ಮೈಸೂರು ಸಂಸ್ಥಾನವು ಬೇಟೆಪ್ರಾಣಿ ಮತ್ತು ಮೀನುಗಳ ಸಂರಕ್ಷಣೆಗೆ 1901ರಲ್ಲಿ ತನ್ನದೇ ನಿಬಂಧನೆಯನ್ನು ಹೊರಡಿಸಿತು. ಪಡುವಣ ಹಳ್ಳಗಳ ಮಟ್ಟಿಗೆ ಇದರ ಪರಿಣಾಮ ವಿಚಿತ್ರವಾಗಿತ್ತು: ಕೆಂಪುಹೊಳೆಯ ನೆತ್ತಿಯಲ್ಲಿ ಹುಟ್ಟಿದ ಮೀನು ಮೈಸೂರಿನ ನಿಬಂಧನೆಗೆ ಒಳಪಟ್ಟಿತ್ತು, ಅದೇ ಮೀನು ಪ್ರವಾಹದಲ್ಲಿ ಕೆಳಗಿಳಿದರೆ ಮದರಾಸು ಪ್ರಾಂತ್ಯದ ಆಡಳಿತಕ್ಕೆ ಸೇರುತ್ತಿತ್ತು. ಇವೆಲ್ಲಕ್ಕಿಂತ ಗಮನಾರ್ಹವಾದದ್ದು ಆ ಕಾಲದ ದೃಷ್ಟಿ. ಥಾಮಸ್ ಮತ್ತು ಡೇ ಅವರ ವಾದದಲ್ಲಿ ಕಿರುಗಣ್ಣಿನ ಬಲೆ ಕೆಟ್ಟದ್ದೇಕೆಂದರೆ ಅದು ಮುಂದೆ ದೊಡ್ಡದಾಗಬೇಕಾದ ಮರಿಯನ್ನು ಕೊಲ್ಲುತ್ತದೆ. ಎಂದೂ ದೊಡ್ಡದಾಗದ, ಪೂರ್ಣವಾಗಿ ಬೆಳೆದರೂ ಬೊಗಸೆಯಲ್ಲಿ ಹಿಡಿಯಬಹುದಾದ ಮೀನಿಗೆ ಆ ಲೆಕ್ಕದಲ್ಲಿ ಜಾಗವಿರಲಿಲ್ಲ.

ಅಷ್ಟರಲ್ಲಿ ಹಳ್ಳಗಳ ದಡವೇ ಬದಲಾಗುತ್ತಿತ್ತು. ಹತ್ತೊಂಬತ್ತನೆಯ ಶತಮಾನದ ನಡುಭಾಗದಿಂದ ಮಂಜರಾಬಾದ್ ತಾಲ್ಲೂಕಿನಲ್ಲಿ, ಇಂದಿನ ಸಕಲೇಶಪುರದಲ್ಲಿ, ಯುರೋಪಿಯನ್ನರೂ ಸ್ಥಳೀಯ ಒಕ್ಕಲಿಗರೂ ಕಾಫಿ ತೋಟಗಳನ್ನು ಎಬ್ಬಿಸಿದರು. 1860ರ ದಶಕದಲ್ಲಿ ಕಾಂಡಕೊರಕ ಹುಳುವಿನ ಹಾವಳಿ ತೋಟಗಳನ್ನು ನಾಶ ಮಾಡಿದಾಗ ನೆರಳಿಲ್ಲದ ಕಾಫಿ ಇಲ್ಲಿ ಉಳಿಯದೆಂಬ ಪಾಠ ಸಿಕ್ಕಿತು. 1894ರಲ್ಲಿ ಮೈಸೂರಿನ ಕಾಫಿ ಬೇಸಾಯದ ಕುರಿತು ಪುಸ್ತಕ ಪ್ರಕಟಿಸಿದ ಮಂಜರಾಬಾದಿನ ಪ್ಲಾಂಟರ್ ರಾಬರ್ಟ್ ಎಲಿಯಟ್ ನೆರಳಿನ ಪರವಾಗಿ ಬಲವಾಗಿ ವಾದಿಸಿದನು. ಈ ನಿರ್ಧಾರದ ಹಿಂದೆ ಮೀನಿನ ಚಿಂತೆ ಇರಲಿಲ್ಲ, ಆದರೆ ಹಳ್ಳಗಳಿಗೆ ಅದರ ಫಲ ದೊರೆಯಿತು. ಕಾಡನ್ನು ಪೂರ್ತಿ ಬೋಳಿಸಿದ ಚಹಾ ಬೆಟ್ಟಗಳಿಗಿಂತ ನೆರಳಿನ ಕಾಫಿ ತೋಟಗಳ ನಡುವಿನ ತೊರೆಗಳು ತಮ್ಮ ಮರ, ತಂಪು ಮತ್ತು ಉದುರುವ ಹುಳುಗಳನ್ನು ಹೆಚ್ಚು ಕಾಲ ಉಳಿಸಿಕೊಂಡವು. ಅದಕ್ಕಿಂತಲೂ ಮಿಗಿಲಾಗಿ ಏಲಕ್ಕಿ ಮಲೆಗಳು ನೆರವಾದವು. ಏಲಕ್ಕಿಗೆ ತೇವವಾದ ಕೊರಕಲು ಮತ್ತು ಕಾಡಿನ ನೆರಳೇ ಬೇಕಾದುದರಿಂದ ವಾಟೆಬಿದಿರು ಬೆಳೆದ ಹಳ್ಳದ ಅಂಚುಗಳು ಹೆಚ್ಚು ಕಡಿಮೆ ಹಾಗೆಯೇ ಉಳಿದಿದ್ದವು. ಕಟ್ಟೆ ರೋಗವೆಂಬ ವೈರಸ್ ಬೇನೆ ಮತ್ತು ಬೆಲೆಯ ಏರಿಳಿತಗಳಿಂದ ಏಲಕ್ಕಿ ಹಿಂದೆ ಸರಿದು ಆ ಜಾಗಕ್ಕೆ ಕಾಫಿ ಬಂದಂತೆ ಈ ಅಂಚುಗಳೂ ತೆಳುವಾದವು.

ತೋಟ ಹಳ್ಳಕ್ಕೆ ಕೊಟ್ಟ ಪೆಟ್ಟುಗಳು ಎರಡು. ಮೈಸೂರು ಸಂಸ್ಥಾನದ ಕೃಷಿ ಇಲಾಖೆಯನ್ನು ಕಟ್ಟಿದ ಲೆಸ್ಲಿ ಕೋಲ್ಮನ್ ಅಡಿಕೆಯ ಕೊಳೆರೋಗಕ್ಕೆ ಮೈಲುತುತ್ತ ಮತ್ತು ಸುಣ್ಣ ಬೆರೆಸಿದ ಬೋರ್ಡೋ ದ್ರಾವಣವನ್ನು ಸಿಂಪಡಿಸುವ ಪದ್ಧತಿಯನ್ನು ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ನೆಲೆಗೊಳಿಸಿದರು, ಅವರ ಮುಂದಾಳುತನದಲ್ಲಿ 1925ರಲ್ಲಿ ಬಾಳೆಹೊನ್ನೂರಿನ ಕಾಫಿ ಸಂಶೋಧನಾ ಕೇಂದ್ರ ಆರಂಭವಾಯಿತು. ಬೋರ್ಡೋ ದ್ರಾವಣ ಮಲೆನಾಡಿನ ರೈತರನ್ನು ಉಳಿಸಿತು ಎಂಬುದು ನಿಜ. ತಾಮ್ರವು ಅತಿ ಕಡಿಮೆ ಪ್ರಮಾಣದಲ್ಲೂ ಮೀನಿನ ಕಿವಿರುಗಳನ್ನು ಕೆಡಿಸುತ್ತದೆ ಎಂಬುದೂ ಅಷ್ಟೇ ನಿಜ. ಎರಡನೆಯದು ಹಣ್ಣಿನ ತೊಳೆನೀರು. ಕಾಫಿ ಹಣ್ಣಿನ ಸಿಪ್ಪೆ ಸುಲಿದು ಲೋಳೆ ತೊಳೆದ ನೀರಿನಲ್ಲಿ ಸಕ್ಕರೆ ಮತ್ತು ಕೊಳೆಯುವ ಪದಾರ್ಥ ತುಂಬಿರುತ್ತದೆ, ಅದು ಹಳ್ಳಕ್ಕೆ ಸೇರಿದಾಗ ಸೂಕ್ಷ್ಮಜೀವಿಗಳು ಅದನ್ನು ಕೊಳೆಯಿಸುವ ಭರದಲ್ಲಿ ನೀರಿನ ಆಮ್ಲಜನಕವನ್ನೆಲ್ಲ ಬಳಸಿಬಿಡುತ್ತವೆ. ಅರೇಬಿಕಾ ಕೊಯ್ಲು ನಡೆಯುವುದು ನವೆಂಬರಿನಿಂದ ಫೆಬ್ರವರಿಯವರೆಗೆ, ಹಳ್ಳದ ಹರಿವು ದಿನದಿನಕ್ಕೆ ಇಳಿಯುವ ಕಾಲದಲ್ಲಿ; ಹಾಗಾಗಿ ತೊಳೆನೀರು ತೆಳುವಾಗುವ ಅವಕಾಶವೂ ಕಡಿಮೆ. ಹೆಚ್ಚಿನ ಆಮ್ಲಜನಕಕ್ಕೆ ಒಗ್ಗಿದ ಬ್ಯಾರಿಲಿನಂಥ ಮೀನು ಇಂಥ ನೀರಿನಲ್ಲಿ ಮೊದಲು ಸಾಯುತ್ತದೆ.

ಈ ಬದಲಾವಣೆಗಳ ನಡುವೆಯೇ ಮೈಸೂರಿನ ಪ್ರಾಣಿಶಾಸ್ತ್ರಜ್ಞರು ಘಟ್ಟದ ಹಳ್ಳಗಳತ್ತ ತಿರುಗಿದ್ದು ಸಂತೋಷದ ಅಧ್ಯಾಯ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನ ಪ್ರಾಧ್ಯಾಪಕರೂ ಕರೆಂಟ್ ಸೈನ್ಸ್ ಪತ್ರಿಕೆಯ ಮೊದಲ ಸಂಪಾದಕರೂ ಆದ ಸಿ. ಆರ್. ನಾರಾಯಣ ರಾವ್ 1937ರಲ್ಲಿ ಪ್ರಕಟಿಸಿದ ಕಪ್ಪೆಗಳ ಅಧ್ಯಯನದಲ್ಲಿ ಕೆಂಪುಹೊಳೆಯ ಹೆಸರನ್ನೇ ಹೊತ್ತ ಒಂದು ಕಪ್ಪೆ ಸೇರಿತ್ತು. ಅದೇ ವರ್ಷ ಮತ್ಸ್ಯಶಾಸ್ತ್ರಜ್ಞ ಸುಂದರ್ ಲಾಲ್ ಹೋರಾ ಅವರು ಒಂದು ಸಣ್ಣ ಬಾರ್ಬ್ ಮೀನಿಗೆ ನಾರಾಯಣ ರಾವ್ ಅವರ ಹೆಸರನ್ನಿಟ್ಟರು. ಸೆಳವಿನ ಹಳ್ಳಗಳ ಜೀವಿಗಳ ಮೈಕಟ್ಟಿನ ಮೇಲೆ 1930ರಲ್ಲಿಯೇ ಮಹತ್ವದ ಪ್ರಬಂಧವನ್ನು ಪ್ರಕಟಿಸಿದ್ದ ಹೋರಾ, ಮುಂದೆ ಮಲಯ ದೇಶದ ಹಳ್ಳಮೀನುಗಳ ಬಂಧುಗಳು ಪಶ್ಚಿಮ ಘಟ್ಟಕ್ಕೆ ಸಾತ್ಪುಡಾ ಬೆಟ್ಟಗಳ ದಾರಿಯಿಂದ ಬಂದಿರಬೇಕೆಂಬ ಸಿದ್ಧಾಂತವನ್ನು ಮಂಡಿಸಿದರು. ಆ ಸಿದ್ಧಾಂತ ಇಂದು ಹಿಂದಿನಷ್ಟು ಗಟ್ಟಿಯಾಗಿಲ್ಲವಾದರೂ ಬೆರಳುದ್ದದ ಮೀನಿನಲ್ಲಿ ಖಂಡವೊಂದರ ಭೂಚರಿತ್ರೆಯನ್ನು ಓದಬಹುದೆಂದು ತೋರಿಸಿದ ಹಿರಿಮೆ ಅದಕ್ಕಿದೆ. ಬಿ. ಎಸ್. ಭೀಮಾಚಾರ್ ಮತ್ತು ಎ. ಸುಬ್ಬರಾವ್ 1941ರಲ್ಲಿ ನೆರೆಯ ಕಡೂರು ಜಿಲ್ಲೆಯ, ಎಂದರೆ ಇಂದಿನ ಚಿಕ್ಕಮಗಳೂರಿನ, ಮೀನುಗಳ ಪಟ್ಟಿಯನ್ನು ಪ್ರಕಟಿಸಿದರು, 1945ರಲ್ಲಿ ಭೀಮಾಚಾರ್ ಅವರು ಹಳ್ಳಮೀನುಗಳ ಹರವನ್ನೇ ಆಧಾರವಾಗಿಟ್ಟುಕೊಂಡು ಇಡೀ ಪಶ್ಚಿಮ ಘಟ್ಟವನ್ನು ಪ್ರಾಣಿಭೂಗೋಳದ ವಿಭಾಗಗಳಾಗಿ ವಿಂಗಡಿಸಿದರು. ತಿನ್ನಲೂ ಮಾರಲೂ ಲೆಕ್ಕಕ್ಕೆ ಬಾರದ ಮೀನಿಗೆ ಅದರದೇ ಆದ ಬೆಲೆಯನ್ನು ಮೊದಲು ಕೊಟ್ಟವರು ಇವರು.

ಸ್ವಾತಂತ್ರ್ಯಾನಂತರದ ಮೀನುಗಾರಿಕೆ ನೀತಿ ಮತ್ತೆ ದೊಡ್ಡ ಮೀನಿನತ್ತಲೇ ಮುಖ ಮಾಡಿತು. 1979ರಲ್ಲಿ ಗೊರೂರಿನ ಅಣೆಕಟ್ಟು ಮುಗಿದು, ಸುಮಾರು 37 ಟಿಎಂಸಿ ನೀರು ಹಿಡಿಯುವ ಜಲಾಶಯವು ಆಲೂರು ಸೀಮೆಯ ಹೇಮಾವತಿ ಕಣಿವೆಯನ್ನು ಮುಳುಗಿಸಿತು. ಒಂದು ಟಿಎಂಸಿ ಎಂದರೆ ನೂರು ಕೋಟಿ ಘನ ಅಡಿ. ಹರಿಯುವ ನದಿ ನಿಂತ ನೀರಾದಾಗ ಅದರ ತಳದ ಜಲ್ಲಿ ಹೂಳಿನಡಿ ಸೇರಿತು, ಮೇಲಣ ಹಳ್ಳಗಳ ಮೀನುಗಳಿಗೂ ಕೆಳಗಿನ ನದಿಯ ಮೀನುಗಳಿಗೂ ಇದ್ದ ಹೋಗಿಬರುವ ದಾರಿ ಕಡಿಯಿತು. ಉತ್ತರ ಭಾರತದ ನದಿಗಳ ಕಾಟ್ಲಾ ಮತ್ತು ರೋಹುಗಳನ್ನು ಜಲಾಶಯಗಳಿಗೆ ಬಿಡುವುದು ರಾಜ್ಯದಾದ್ಯಂತ ರೂಢಿಯಾಯಿತು, 1952ರಲ್ಲಿ ಭಾರತಕ್ಕೆ ತರಲಾದ ಆಫ್ರಿಕದ ತಿಲಾಪಿಯಾ ತಾನಾಗಿಯೇ ಕೆರೆ ಹೊಳೆಗಳಲ್ಲಿ ಹರಡಿತು. ಅದೇ 1979ರಲ್ಲಿ ಪಡುವಣ ಮಗ್ಗುಲಿನಲ್ಲಿ ಹಾಸನ–ಮಂಗಳೂರು ರೈಲುಮಾರ್ಗವು ಸಂಚಾರಕ್ಕೆ ತೆರೆಯಿತು. ಸಕಲೇಶಪುರದಿಂದ ಸುಬ್ರಹ್ಮಣ್ಯ ರಸ್ತೆಯವರೆಗೆ ಐವತ್ತಕ್ಕೂ ಹೆಚ್ಚು ಸುರಂಗಗಳನ್ನು ಕೊರೆದ ಈ ಮಾರ್ಗ ಮತ್ತು ಕೆಂಪುಹೊಳೆಯ ಮಗ್ಗುಲಲ್ಲೇ ಇಳಿಯುವ ಶಿರಾಡಿ ಘಾಟಿಯ ಹೆದ್ದಾರಿ, ಅಗೆದ ಮಣ್ಣು ಇಳಿಯುವ ಜಾಗ ಯಾವಾಗಲೂ ಹಳ್ಳವೇ ಎಂಬುದನ್ನು ಪ್ರತಿ ಮಳೆಗಾಲದಲ್ಲೂ ತೋರಿಸುತ್ತ ಬಂದಿವೆ. ಹೂಳು ಮೀನನ್ನು ನೇರವಾಗಿ ಕೊಲ್ಲಬೇಕೆಂದಿಲ್ಲ. ಅದು ಕಲ್ಲುಗಳ ಸಂದನ್ನು ಮುಚ್ಚಿ ಮೊಟ್ಟೆಗೆ ಉಸಿರಿಲ್ಲದಂತೆ ಮಾಡಿದರೆ ಸಾಕು.

ಗುಂಡ್ಯ ಕಣಿವೆಯ ಹಳ್ಳಗಳಿಗೆ ಒಡ್ಡು ಕಟ್ಟಿ ವಿದ್ಯುತ್ ತೆಗೆಯುವ ಕರ್ನಾಟಕ ವಿದ್ಯುತ್ ನಿಗಮದ ಯೋಜನೆಗೆ ಈ ಶತಮಾನದ ಮೊದಲ ದಶಕದಲ್ಲಿ ವ್ಯಾಪಕ ವಿರೋಧ ವ್ಯಕ್ತವಾಗಿ, ಮಾಧವ ಗಾಡ್ಗೀಳ್ ಅಧ್ಯಕ್ಷತೆಯ ಪಶ್ಚಿಮ ಘಟ್ಟ ತಜ್ಞರ ಸಮಿತಿಯು 2011ರ ವರದಿಯಲ್ಲಿ ಅದಕ್ಕೆ ಅನುಮತಿ ಕೊಡಬಾರದೆಂದು ಶಿಫಾರಸು ಮಾಡಿತು. ಅದೇ ವರ್ಷ ಪ್ರಕಟವಾದ ಐಯುಸಿಎನ್ ಅಧ್ಯಯನವು ಪಶ್ಚಿಮ ಘಟ್ಟದ 290 ಸಿಹಿನೀರಿನ ಮೀನುಗಳನ್ನು ಪರಿಶೀಲಿಸಿ, ಮೂರರಲ್ಲೊಂದಕ್ಕಿಂತ ಹೆಚ್ಚು ಪಾಲು ಅಳಿವಿನ ಭೀತಿಯಲ್ಲಿದೆ ಎಂದು ತೋರಿಸಿತು. ಕೆನರಾ ಬ್ಯಾರಿಲಿನೊಡನೆ, ಎ. ಜಿ. ಕೆ. ಮೆನನ್ 1984ರಲ್ಲಿ ಧರ್ಮಸ್ಥಳದ ನೇತ್ರಾವತಿಯಿಂದ ವರ್ಣಿಸಿ ರುಮೇನಿಯಾದ ಮತ್ಸ್ಯಶಾಸ್ತ್ರಜ್ಞ ಪೆತ್ರು ಬನರೆಸ್ಕು ಅವರ ಹೆಸರಿಟ್ಟ ಕಿರುಬೆರಳಿನಷ್ಟು ಉದ್ದದ ಲೋಚ್ ಮೀನೂ ಅಪಾಯದಂಚಿನ ಪಟ್ಟಿಯಲ್ಲಿದೆ. ಒಂದೇ ನದಿಯ ಜಲಾನಯನಕ್ಕೆ ಕಟ್ಟುಬಿದ್ದ ಮೀನಿಗೆ ಆ ನದಿಯ ನೆತ್ತಿಯ ಹಳ್ಳಗಳೇ ಕೊನೆಯ ಆಸರೆ.

ಆ ನೆತ್ತಿಯಲ್ಲಿಯೇ ಎತ್ತಿನಹೊಳೆ ಯೋಜನೆ ಬಂದಿತು. ಕೋಲಾರ, ಚಿಕ್ಕಬಳ್ಳಾಪುರ ಮೊದಲಾದ ಬರಪೀಡಿತ ಜಿಲ್ಲೆಗಳಿಗೆ 24.01 ಟಿಎಂಸಿ ನೀರು ಸಾಗಿಸುವ ಉದ್ದೇಶದ ಈ ಯೋಜನೆಗೆ 2014ರಲ್ಲಿ ಶಂಕುಸ್ಥಾಪನೆಯಾಯಿತು. ಸಕಲೇಶಪುರ ತಾಲ್ಲೂಕಿನ ಪಡುವಣ ಹಳ್ಳಗಳಿಗೆ ಅಡ್ಡಲಾಗಿ ಎಂಟು ಒಡ್ಡುಗಳನ್ನು ಕಟ್ಟಿ, ಶೇಖರಗೊಂಡ ನೀರನ್ನು ಪಂಪುಗಳಿಂದ ದಿಣ್ಣೆಯ ಮೇಲಕ್ಕೆತ್ತಿ ಮೂಡಣಕ್ಕೆ ಹರಿಸುವುದು ಅದರ ವಿನ್ಯಾಸ. ಕುಡಿಯುವ ನೀರಿನ ಯೋಜನೆಯೆಂಬ ನೆಲೆಯಲ್ಲಿ ಅದಕ್ಕೆ ಪರಿಸರ ಪರಿಣಾಮ ಅಧ್ಯಯನದ ಕಡ್ಡಾಯದಿಂದ ವಿನಾಯಿತಿ ದೊರೆಯಿತು. ಭಾರತೀಯ ವಿಜ್ಞಾನ ಸಂಸ್ಥೆಯ ಟಿ. ವಿ. ರಾಮಚಂದ್ರ ಮತ್ತು ಸಂಗಡಿಗರು 2015ರ ಅಧ್ಯಯನದಲ್ಲಿ ಆ ಜಲಾನಯನದಲ್ಲಿ ಸಿಗುವ ನೀರೇ 9.55 ಟಿಎಂಸಿ ಎಂದು ಲೆಕ್ಕ ಹಾಕಿ, ಹೊಳೆಯ ಜೀವಿಗಳ ಬದುಕಿಗೆ ಹೊಳೆಯಲ್ಲೇ ಉಳಿಯಬೇಕಾದ ನೀರಿನ ಪ್ರಮಾಣವನ್ನು, ಎಂದರೆ ಪರಿಸರ ಹರಿವನ್ನು, ಅದರಿಂದ ಕಳೆಯಬೇಕೆಂದು ವಾದಿಸಿದರು. ಬಯಲುಸೀಮೆಯ ಜನರ ನೀರಿನ ಬವಣೆ ಸುಳ್ಳಲ್ಲ, ಅದನ್ನು ಹಗುರವಾಗಿ ಕಾಣುವ ಹಕ್ಕು ಮಳೆ ಸುರಿಯುವ ಸೀಮೆಯವರಿಗಿಲ್ಲ. ಆದರೆ ಆ ಬವಣೆಯ ಪರಿಹಾರದ ಲೆಕ್ಕದಲ್ಲಿ ಹಳ್ಳವನ್ನು ಬರಿಯ ನೀರಿನ ಮೊತ್ತವೆಂದು ಎಣಿಸಲಾಯಿತು, ಆ ನೀರಿನೊಳಗೆ ಬದುಕುವ ಮೀನಿನ ಸಮೀಕ್ಷೆ ಯೋಜನೆಗೆ ಮುನ್ನ ನಡೆಯಲೇಬೇಕೆಂಬ ಕಾನೂನಿನ ಒತ್ತಾಯವೂ ಇಲ್ಲವಾಯಿತು ಎಂಬುದು ನೋವಿನ ಸಂಗತಿ.

ಯೋಜನೆಯ ಮೊದಲ ಹಂತವನ್ನು 2024ರ ಸೆಪ್ಟೆಂಬರ್ 6ರಂದು ಸಕಲೇಶಪುರ ತಾಲ್ಲೂಕಿನ ದೊಡ್ಡನಗರದಲ್ಲಿ ಉದ್ಘಾಟಿಸಲಾಯಿತು. ಬೇಸಗೆಯ ಹರಿವನ್ನು ಮುಟ್ಟದೆ ಮಳೆಗಾಲದ ನೀರನ್ನು ಮಾತ್ರ ಎತ್ತಲಾಗುವುದೆಂಬುದು ಅದರ ಪರವಾಗಿ ಹೇಳುತ್ತ ಬಂದ ಮಾತು, ಮತ್ತು ಸಮುದ್ರದ ಪಾಲಾಗುವ ನೀರನ್ನು ಬಳಸಿಕೊಳ್ಳುವುದರಲ್ಲಿ ಹಾನಿಯಿಲ್ಲ ಎಂಬ ನಂಬಿಕೆ ಆ ಮಾತಿನ ಹಿಂದಿದೆ. ಹಳ್ಳದ ಮೀನಿನ ವರ್ಷ ಮಾತ್ರ ಬೇರೆ ರೀತಿಯಲ್ಲಿ ಸಾಗುತ್ತದೆ. ಜೂನ್ ತಿಂಗಳ ಮೊದಲ ಪ್ರವಾಹ ತಳದ ಜಲ್ಲಿಯಿಂದ ಹೂಳನ್ನು ತೊಳೆದುಕೊಡುತ್ತದೆ, ಆ ಪ್ರವಾಹದ ಏರಿಕೆಯೇ ಮೀನಿಗೆ ಮೇಲೇರುವ ಸೂಚನೆ, ಮಳೆ ನಿಲ್ಲುವವರೆಗಿನ ತುಂಬು ಹರಿವಿನಲ್ಲಿಯೇ ಮರಿಗಳು ಬಲಿತು ಬೇಸಗೆಯ ಮಡುಗಳಿಗೆ ಹರಡಿಕೊಳ್ಳುತ್ತವೆ. ಪಂಪುಗಳು ನೀರೆತ್ತುವ ತಿಂಗಳುಗಳೂ ಮೀನು ಹತ್ತುವ ತಿಂಗಳುಗಳೂ ಒಂದೇ.